ಮೂಡಲಗಿಯ ಟಾಕಿಯ ಕೆಂಪು ನೀರು

೧೯೪೧ರಲ್ಲಿ ನಾನು ಗೋಕಾಕದ ಒಂದು ನೂಲಿನ ಗಿರಣಿಯಲ್ಲಿ ಬಾಯ್ಲರ್ ಫಿಟ್ಟರ್ ಆಗಿದ್ದೆ. ವಾರವೆಲ್ಲ ಗಿರಣಿಯ ಬಾಯ್ಲರು, ರವಿವಾರ ಸಾವಕಾರರ ಮನೆಗಳ ಬಚ್ಚಲ. ಉಳ್ಳವರು ಆಗ ತಾಮ್ರದ ಹಂಡೆ ಬಿಟ್ಟು, ಕೆಳಗೆ ಒಲೆ, ಬಾಜೂಕ್ಕೆ ನಳ ಇರುವ, ನೀರು ಕಾಯಿಸುವ ಕಬ್ಬಿಣದ ಟಾಕಿ ಕೂಡ್ರಿಸಿಕೊಳ್ಳುತ್ತಿದ್ದರು. ಕೂಡ್ರಿಸಿದವನು ನಾನು, ಹಾಗಾಗಿ ಕೆಟ್ಟರೂ ನನಗೇ ಕರೆ. ರಜೆ ಎಂದರೇನೆಂದು ನನ್ನ ಬೆನ್ನು ಮರೆತೇಬಿಟ್ಟಿತ್ತು.

ಒಂದು ರವಿವಾರ ಮೂಡಲಗಿಯ ಬೆಲ್ಲದ ವ್ಯಾಪಾರಿ ಈರಪ್ಪ ಸಾವಕಾರರ ಆಳು ಬಂದ. ಟಾಕಿಯ ನೀರು ಕೆಂಪಾಗಿದೆ, ತಳ ಸೋರುತ್ತಿದೆ ಎಂದ. ಹಾಳಾಗಿ ಹೋಗಲಿ ಎಂದು ಗೊಣಗುತ್ತಲೇ ಪಾನಾ, ಸುತ್ತಿಗೆ ತುಂಬಿದ ಸಾಮಾನಿನ ಚೀಲ ಹೆಗಲಿಗೇರಿಸಿದೆ.

ಅವರ ಅಂಗಳದಲ್ಲಿ ಚಕ್ಕಡಿ ಹೂಡಿ ನಿಂತಿತ್ತು. ಹೊಸ ಸೊಸೆ ಶಾಂತವ್ವ ಅದರಲ್ಲಿ ತನ್ನ ಟ್ರಂಕಿನ ಮೇಲೆ ಕೈಯಿಟ್ಟು ಕುಳಿತಿದ್ದಳು. ಅವಳು ಗಂಡನ ಮನೆಗೆ ಬಾಳಲು ಬಂದ ವಾರದಲ್ಲೇ ನೀರು ಕೆಂಪಾಗಿತ್ತಂತೆ. ಅತ್ತೆ ನೀಲವ್ವ ನನ್ನನ್ನು ಕಂಡವರೇ ಶುರು ಮಾಡಿದರು.

"ರಗತದಂಥಾ ನೀರು ನೋಡ್ರಿ! ಇದನ್ನ ಮೈಮ್ಯಾಲೆ ಹಾಕ್ಕೊಂಡು ಲಿಂಗಪೂಜಾ ಹೆಂಗ ಮಾಡೂದು? ಎಲ್ಲಾ ಈಕಿ ಕಾಲ್ಗುಣ. ತುಕ್ಕಾನಟ್ಟಿಗೆ ತವರಿಗೆ ಕಳಸಾಕತ್ತೇವಿ."

ಮತ್ತೆ ಕರೆತರುವ ಮಾತು ಯಾರ ಬಾಯಲ್ಲೂ ಇರಲಿಲ್ಲ. ಗಂಡನೆನಿಸಿಕೊಂಡವನು ಎತ್ತಿನ ಹಗ್ಗ ಹಿಡಿದು ನೆಲ ನೋಡುತ್ತಿದ್ದ. ನನಗೆ ಮೈಯೆಲ್ಲ ಉರಿಯಿತು. "ಒಂದೀಟು ತಡೀರಿ" ಎಂದು ಅಂಗಳಕ್ಕೆ ಹತ್ತಿಕೊಂಡಿದ್ದ ಬಚ್ಚಲಿಗೆ ಹೋದೆ.

ನೀರು ಬಿಟ್ಟು ಮುಚ್ಚಳ ತೆಗೆದರೆ ಒಳಗೆಲ್ಲ ತುಕ್ಕು, ತಳದಲ್ಲಿ ಕೆಂಪು ರಾಡಿ. ನಾನು ಬೋಲ್ಟಿಗೆ ಬಿಗಿದಿದ್ದ ಜಸ್ತದ ತುಂಡು ಮಾತ್ರ ಇರಲಿಲ್ಲ. ಜಸ್ತ ಎಂದರೆ ಸತು. ಕಬ್ಬಿಣದ ಟಾಕಿಯೊಳಗೆ ಇದನ್ನು ಬಿಗಿದರೆ ನೀರು ಮೊದಲು ಇದನ್ನೇ ತಿನ್ನುತ್ತದೆ, ಇದು ಇರುವತನಕ ಕಬ್ಬಿಣ ಬದುಕಿಕೊಳ್ಳುತ್ತದೆ. ಸವೆದಾಗ ಹೊಸದು ಹಾಕಬೇಕು, ಆಗಾಗ ತಳದ ರಾಡಿ ತೆಗೆಯಬೇಕು, ಅಷ್ಟೇ. ತಾನಾಗಿ ಸವೆದಿದ್ದರೆ ಚೂರಾದರೂ ಅಂಟಿರಬೇಕಿತ್ತು. ಬೋಲ್ಟು ಪೂರಾ ಬರಿದಾಗಿತ್ತು.

"ಜಸ್ತಾ ಯಾರ ತಗದರ್ರಿ?" ಎಂದೆ.

"ನಾನ ತಗಿಸೀನಿ," ಎಂದರು ನೀಲವ್ವ. "ಹ್ವಾದ ದಸರಾಕ್ಕ ಟಾಕಿ ತೊಳಿಸಿದಾಗ ನೋಡಿದ್ರ ಬೆಳ್ಳಗ ಬೂಸ್ಟು ಬಂದು ಕೊಳತಿತ್ತು. ಜಳಕದ ನೀರಾಗ ಅದ್ಯಾಕಂತ ತಿಪ್ಪಿಗೆ ಒಗಿಸಿದೆ."

"ಕೊಳೀಲಿ ಅಂತನ ಅದನ್ನ ಹಾಕಿದ್ನೆವ್ವಾ! ದಸರಾದಿಂದನ ಟಾಕಿ ತುಕ್ಕು ತಿನ್ನಾಕತ್ತೈತಿ. ಆವಾಗ ಈ ಹುಡಿಗಿ ಎಲ್ಲಿದ್ದಳು? ಲಗ್ನರ ಆಗಿತ್ತೇನು?"

"ಲಗ್ನ ಆಗಿದ್ದು ಆಮ್ಯಾಲ," ಎಂದರು ನೀಲವ್ವ. ನನಗೆ ಸಾಕಾಗಿತ್ತು, ಬೇಗ ತೇಪೆ ಹಾಕಿ ಮನೆಗೆ ಹೋದರೆ ಸಾಕೆಂದು ಟಾಕಿಯತ್ತ ತಿರುಗಿದೆ. ಆಗ ಚಕ್ಕಡಿಯಿಂದ ಶಾಂತವ್ವನ ದನಿ ಬಂತು.

"ಅಣ್ಣಾರ, ಈಗ ಅಂದದ್ದನ್ನ ಹೊರಗ ಬಂದು ಜೋರಲೆ ಅನ್ರಿ. ನನ್ನ ಕಾಲ್ಗುಣದ ಸುದ್ದಿ ಓಣಿಮಂದಿ ಎಲ್ಲಾ ಕೇಳ್ಯಾರ. ಇದನ್ನೂ ಕೇಳಲಿ."

ಅಗಸಿ ಬಾಗಿಲಲ್ಲಿ ಓಣಿಯ ನಾಲ್ಕಾರು ಜನ ಇಣುಕುತ್ತಿದ್ದರು. ಅಂಗಳದ ನಡುವೆ ನಿಂತು ಎಲ್ಲವನ್ನೂ ಮೊದಲಿನಿಂದ ಹೇಳಿದೆ. ಕಟ್ಟೆಯ ಮೇಲೆ ಕುಳಿತು ಕೇಳುತ್ತಿದ್ದ ಸಾವಕಾರರು ಮಗನಿಗೆ, "ಎತ್ತ ಬಿಚ್ಚೋ" ಎಂದರು. ನೀಲವ್ವ ಚಕ್ಕಡಿಯ ಹತ್ತಿರ ಹೋಗಿ, "ಇಳಿಯವ್ವಾ, ತಪ್ಪಾತು" ಎಂದರು.

ಶಾಂತವ್ವ ಟ್ರಂಕಿನ ಮೇಲಿನ ಕೈ ತೆಗೆಯಲಿಲ್ಲ. "ಹೂಡಿದ ಬಂಡಿ, ಹೋಗಿಬರ್ತೇನ್ರಿ ಅತ್ತಿ. ಕರಿಯಾಕ ಮಾತ್ರ ನೀವ ಬರ್ರಿ."

ಚಕ್ಕಡಿ ಹೊರಟಿತು. ನಾನು ತಳಕ್ಕೆ ತೇಪೆ ಹಾಕಿ ಹೊಸ ಜಸ್ತ ಬಿಗಿದೆ. ನೀಲವ್ವ ತಾವೇ ಹೋಗಿ ಸೊಸೆಯನ್ನು ಕರೆತಂದರೆಂದು ಆಮೇಲೆ ಆಳಿನಿಂದ ತಿಳಿಯಿತು.

ಆ ಬಳಿಕ ಎಷ್ಟೇ ದಣಿದಿರಲಿ, ಟಾಕಿ ಯಾಕೆ ಕೆಟ್ಟಿತೆಂದು ಮನೆಮಂದಿಗೆಲ್ಲ ಕೇಳುವಂತೆ ಹೇಳದೆ ನಾನು ಯಾವ ಮನೆಯಿಂದಲೂ ಹೊರಟಿಲ್ಲ. ಹೇಳದಿದ್ದರೆ ತುಕ್ಕಿನ ಹೊಣೆಯನ್ನು ಜನ ಯಾರ ತಲೆಗಾದರೂ ಕಟ್ಟುತ್ತಾರೆ. ಹೆಚ್ಚಾಗಿ, ಆ ಮನೆಗೆ ಎಲ್ಲರಿಗಿಂತ ಕೊನೆಗೆ ಬಂದವಳ ತಲೆಗೆ.