ಅಣ್ಣ ಕೇಳಿ ಕಲಿತ ಪಾಠ

ಹಿತ್ತಿಲ ಬೇಲಿಯಲ್ಲಿ ತೊಂಡೆಕಾಯಿ ಕೀಳುವಾಗ ಎಲೆಯೊಂದು ಬೆರಳಲ್ಲಿ ನುರಿಯಿತು. ಅದೇ ಹಸಿ ವಾಸನೆ! ಕೊರಟಗೆರೆ ಕಡೆಯ ನಮ್ಮೂರ ಶಾಲೆಯಲ್ಲಿ ಸ್ಲೇಟು ಉಜ್ಜುತ್ತಿದ್ದುದು ಈ ಸೊಪ್ಪಿನಿಂದಲೇ. ಮಹಾರಾಜರ ಕಾಲ ಅದು. ನನ್ನ ಸ್ಲೇಟನ್ನೂ ಅಣ್ಣನೇ ಉಜ್ಜಿಕೊಡುತ್ತಿದ್ದ...

ಅಣ್ಣ ನನಗಿಂತ ದೊಡ್ಡವನು, ಆದರೂ ಇಬ್ಬರದೂ ಒಂದೇ ಕ್ಲಾಸು. ಓದು ಹತ್ತದೆ ಅಲ್ಲೇ ಉಳಿದಿದ್ದ. ಈ ಸಲವೂ ಫೇಲಾದರೆ ಶಾಲೆ ಬಿಡಿಸುತ್ತೇನೆ ಎಂದು ಅಪ್ಪ ಹೇಳಿಬಿಟ್ಟಿದ್ದ. ಅವನಿಗೋ ಶಾಲೆ ಎಂದರೆ ಪ್ರಾಣ.

"ಒಂದೊಂದೇ ಅಕ್ಸರ ಗೊತ್ತಾಯ್ತದೆ ಕಣಮ್ಮಿ, ಜೊತೆಗೆ ಬಂದ್ರೆ ಎಲ್ಲಾ ಕಲಸೋಯ್ತವೆ. ನೀನು ಓದ್ಬುಡು, ನಾನು ಕೇಳ್ಕೊಂತೀನಿ" ಅನ್ನುತ್ತಿದ್ದ. ದಿನಾ ಸಂಜೆ ಓದಿ ಹೇಳುತ್ತಿದ್ದೆ. ಒಂದು ಸಲ ಕಿವಿಗೆ ಬಿದ್ದರೆ ಮುಗಿಯಿತು. ಮರುದಿನ ಕ್ಲಾಸಿನಲ್ಲಿ ಪುಸ್ತಕ ಹಿಡಿದು, ಓದುವವನಂತೆ ಗಳಗಳನೆ ಒಪ್ಪಿಸುತ್ತಿದ್ದ. ಅರ್ಥ ಕೇಳಿದರೂ ಸರಿಯಾಗಿ ಹೇಳುತ್ತಿದ್ದ.

ಆ ವರ್ಷ ಶಾಲೆಗೆ ಇನ್‌ಸ್ಪೆಕ್ಟರು ಬಂದರು. ಅಣ್ಣ ಪುಸ್ತಕ ಹಿಡಿದು ಪಾಠ ಒಪ್ಪಿಸಿದ. ಅವರು ಭೇಷ್ ಎಂದು ಬೆನ್ನು ತಟ್ಟಿದರು. ನನ್ನ ಕಡೆ ತಿರುಗಿಯೂ ನೋಡಲಿಲ್ಲ. ಹೊಟ್ಟೆ ಉರಿದುಹೋಯಿತು. ಹಾಳು ಬಾಯಿ ನನ್ನದು, ಎದ್ದು ನಿಂತು ಅಂದೇಬಿಟ್ಟೆ: "ಸಾ, ಅವ್ನಿಗೆ ಓದಾಕೆ ಬರಾಕಿಲ್ಲ. ನಾನು ಓದಿದ್ದ ಕೇಳ್ಕೊಂಡು ಹೇಳ್ತಾನೆ!"

ಇನ್‌ಸ್ಪೆಕ್ಟರು ಬೇರೆ ಹಾಳೆ ತಿರುವಿ ಕೊಟ್ಟರು. ಅಣ್ಣ ಬೆರಳಿಟ್ಟು ಒಂದೊಂದೇ ಅಕ್ಷರ ಹೇಳಿದ, ಪದ ಕೂಡಿಸಲಾಗಲಿಲ್ಲ. ಮೇಷ್ಟ್ರ ಮುಖ ಕೆಂಪಾಯಿತು. ನಮ್ಮ ಶಾಲೆಯಲ್ಲೊಂದು ಪದ್ಧತಿಯಿತ್ತು: ಓದಲಾಗದವರ ಮೂಗು ಹಿಡಿದು, ಓದಿದವರು ಕೆನ್ನೆಗೆ ಬಾರಿಸಬೇಕು. ಮೇಷ್ಟ್ರು ನನ್ನನ್ನೇ ಕರೆದರು. ನನಗೆ ಅಣ್ಣನ ಮೂಗು ಎಟುಕಲಿಲ್ಲ. ಅವನೇ ಬಗ್ಗಿದ.

"ಹೊಡ್ದುಬುಡಮ್ಮಿ, ಇಲ್ದಿದ್ರೆ ಮೇಷ್ಟ್ರು ನಿಂಗೂ ಹೊಡೀತಾರೆ" ಎಂದ ಮೆಲ್ಲಗೆ.

ಹೊಡೆದೆ.

ಮಾರನೆಯ ದಿನದಿಂದ ಅವನು ಶಾಲೆಗೆ ಬರಲಿಲ್ಲ. ಸುದ್ದಿ ಕೇಳಿದ ಅಪ್ಪ ನೇಗಿಲು ಹಿಡಿಸಿದ. ಕೊನೆಯವರೆಗೂ ಹೆಬ್ಬೆಟ್ಟು ಒತ್ತಿಯೇ ಬದುಕಿದ. ಆ ದಿನದ ಮಾತನ್ನು ಅವನು ಎತ್ತಲಿಲ್ಲ. ತಪ್ಪಾಯ್ತು ಕಣಣ್ಣ ಅನ್ನಲು ನನಗೂ ಬಾಯಿ ಬರಲಿಲ್ಲ, ಚಾಡಿ ಹೇಳುವಾಗ ಮಾತ್ರ ಎಷ್ಟು ಚೆನ್ನಾಗಿ ಬಂದಿತ್ತು...

ಈಗ ನನ್ನ ಮರಿಮಗಳಿಗೂ ಹೀಗೆಯೇ. ಡಾಕ್ಟರು ಡಿಸ್ಲೆಕ್ಸಿಯಾ ಅಂದರು. ಕೇಳಿದ ಮಾತು ಮಿದುಳಿಗೆ ಸಲೀಸಾಗಿ ಹತ್ತುತ್ತದಂತೆ. ಅಕ್ಷರಕ್ಕೆ ಸದ್ದು ಕೂಡಿಸಿ ಪದ ಮಾಡಿಕೊಳ್ಳುವಲ್ಲಿ ಮಾತ್ರ ತೊಡಕಂತೆ. ಬುದ್ಧಿಗೇನೂ ಕಡಿಮೆಯಿಲ್ಲ, ಸೋಮಾರಿತನವೂ ಅಲ್ಲ. ಪರೀಕ್ಷೆಯಲ್ಲಿ ಓದಿ ಹೇಳಲು ಅವಳ ಪಕ್ಕ ಒಬ್ಬರನ್ನು ಕೂರಿಸುತ್ತಾರಂತೆ. ಅದು ಮೋಸವಲ್ಲವಂತೆ.

ಅಯ್ಯೋ, ಅಣ್ಣನ ಪಕ್ಕದಲ್ಲೂ ಒಬ್ಬಳಿದ್ದಳು. ಅವಳೇ ಅವನನ್ನು ಹಿಡಿದುಕೊಟ್ಟಳು. ನೀನು ಕಳ್ಳನಲ್ಲ ಕಣಣ್ಣ ಎಂದು ಹೇಳೋಣವೆಂದರೆ, ಕೇಳಲು ಅವನಿಲ್ಲ.