ಕೊನೆಯ ಓರೆಸಾಲು

ಎದುರಿನ ಮೂಲೆ ಇನ್ನು ಯಾರದು? ಅದನ್ನೂ ತಾನೇ ಮಾಡಬೇಕೇ? ಹಾಗಾದರೆ ಮೊದಲು ಯಾವ ಮೂಲೆಯಲ್ಲಿ ಕೂರುವುದು? ಬೆಳಗಿನ ಮಬ್ಬಿನಲ್ಲಿ, ಕಿಟಕಿಗಳಿಗಿನ್ನೂ ಗಾಜು ಕೂರಿಸದ ಚೌಕ ಕೋಣೆಯ ಬಾಗಿಲಲ್ಲಿ ಟೈಲ್ಸ್ ಕೆಲಸಗಾರ ರಬ್ಬರ್ ಸುತ್ತಿಗೆ ಹಿಡಿದು ನಿಂತೇ ಇದ್ದಾನೆ. ಅಣ್ಣ ತೀರಿಕೊಂಡ ಮೇಲೆ ಅವನು ಒಪ್ಪಿಕೊಂಡ ಮೊದಲ ದೊಡ್ಡ ಕೋಣೆ ಇದು.

ಊರಿನ ಅರ್ಧ ಜನ ಇವರಿಬ್ಬರು ಹಾಸಿದ ನೆಲದ ಮೇಲೆಯೇ ಓಡಾಡುತ್ತಾರೆ; ಯಾರೂ ಕೆಳಗೆ ನೋಡುವುದಿಲ್ಲ. ಅಣ್ಣತಮ್ಮಂದಿರು ಎದುರುಬದುರು ಮೂಲೆಗಳಿಂದ ಶುರುಮಾಡುತ್ತಿದ್ದರು. ಮೂಲೆಗೆ ಒಂದು ಟೈಲು, ಮುಂದಿನ ಓರೆಸಾಲಿಗೆ ಎರಡು, ಆಮೇಲೆ ಮೂರು, ಹೀಗೆ ಹಿಂದೆ ಸರಿಯುತ್ತಾ ನಡುವಿಗೆ. "ನಮ್ದು ಸಮಪಾಲು. ಆದ್ರೂ ಅವನದ್ದು ಯಾವಾಗ್ಲೂ ತಡ. ನಾನು ಕೈಕಾಲು ತೊಳೆದು ಟೀ ಕುಡಿದ್ರೂ ಅವನಿನ್ನೂ ಮಂಡಿಯೂರಿರ್ತಿದ್ದ. 'ಏನಣ್ಣಾ, ಅಲ್ಲೇ ಬೇರು ಬಿಟ್ಯಾ?' ಅಂತ ರೇಗಿಸ್ತಿದ್ದೆ" ಎನ್ನುತ್ತಾನೆ ತಮ್ಮ.

ರೇಗಾಟ ಜಗಳವಾಯಿತು. ಕೊನೆಯ ವರ್ಷ ಇಬ್ಬರೂ ಬೇರೆ ಬೇರೆ ದುಡಿದರು; ತಮ್ಮ ಸಣ್ಣಪುಟ್ಟ ರಿಪೇರಿಗಳನ್ನಷ್ಟೇ ಹಿಡಿದ. ಮಾತು ಮತ್ತೆ ಕೂಡುವ ಮೊದಲೇ ಅಣ್ಣ ಹೋದ.

ಅಣ್ಣನ ಮಗಳು ಶಾಲೆಗೆ ಹೋಗುವ ದಾರಿಯಲ್ಲಿ ಚಿಕ್ಕಪ್ಪನಿಗೆ ಬುತ್ತಿ ತರುತ್ತಾಳೆ. ಇವತ್ತು ಅವಳಿಗೆ ಟೈಲಿನ ಚೂರುಗಳು ಬೇಕು. "ಒಂದು, ಮೂರು, ಆರು, ಹತ್ತು, ಇವು ತ್ರಿಕೋನ ಸಂಖ್ಯೆ. ಪಕ್ಕಪಕ್ಕದ ಎರಡನ್ನ ಕೂಡಿಸಿದ್ರೆ ವರ್ಗ ಸಂಖ್ಯೆ ಬರುತ್ತೆ ಅಂತ ಸಾಧಿಸಿ ತೋರಿಸ್ಬೇಕು."

"ಅದೇನು ಮಹಾ! ನಾವು ದಿನಾ ಮಾಡ್ತಿದ್ದದ್ದೇ."

ಅವಳು ನೆಲದ ಮೇಲೆ ಕಪ್ಪು ಚೂರುಗಳ ನಾಲ್ಕು ಓರೆಸಾಲು ಜೋಡಿಸುತ್ತಾಳೆ, ಹತ್ತು. "ಇದು ಅಪ್ಪ." ಎದುರು ಮೂಲೆಯಿಂದ ಬಿಳಿಯವು ಮೂರು ಸಾಲು, ಆರು. "ಇದು ನೀನು. ಹದಿನಾರು. ನಾಲ್ಕು ನಾಲ್ಕಲಿ."

"ದೊಡ್ಡ ಕೋಣೆಗೂ ಇದೇ ಲೆಕ್ಕವಾ?"

"ಈಗ ಅಡ್ಡಸಾಲು ನೋಡು. ಒಂದೊಂದು ಸಾಲಿಗೂ ಅಪ್ಪಂದು ಒಂದು ಕಮ್ಮಿ ಆಗುತ್ತೆ, ನಿಂದು ಒಂದು ಜಾಸ್ತಿ. ಕೋಣೆ ಎಷ್ಟೇ ದೊಡ್ಡದಾದ್ರೂ ಸಾಲು ತುಂಬಿಯೇ ಇರುತ್ತೆ."

"ಇರು ಪುಟ್ಟಿ. ನನ್ನದಿನ್ನೊಂದು ಸಾಲು ಎಲ್ಲಿ?"

"ಜಾಗ ಎಲ್ಲಿದೆ ಚಿಕ್ಕಪ್ಪ? ಇಬ್ಬರದೂ ಸಮ ಆದ್ರೆ ಚೌಕವೇ ಆಗಲ್ಲ."

ಅವನು ಕೋಣೆಯತ್ತ ತಿರುಗುತ್ತಾನೆ. ಉಳಿದೆರಡು ಮೂಲೆಗಳನ್ನು ಸೇರಿಸುತ್ತಾ ಬಾಗಿಲವರೆಗೆ ಬರುವ ಆ ನಡುವಿನ ಓರೆಸಾಲೊಂದೇ ಉಳಿದಾಗ, "ಇಲ್ಲಿ ಒಬ್ಬರಿಗೇ ಜಾಗ, ನೀನು ಹೋಗಿ ಟೀ ಕುಡಿ" ಎಂದು ಅಣ್ಣ ಅವನನ್ನು ಹೊರಗೆ ಕಳಿಸುತ್ತಿದ್ದ. ಉಳಿದ ಚಿಲ್ಲರೆ ಕೆಲಸವೆಂದುಕೊಂಡು ತಮ್ಮ ಅದನ್ನು ಲೆಕ್ಕಕ್ಕೇ ಹಿಡಿದಿರಲಿಲ್ಲ.

"ಸರಿಯಾಗಿದೆ ಅಲ್ವಾ ಚಿಕ್ಕಪ್ಪ?"

"ಸರಿಯಾಗಿದೆ ಮಗಳೇ. ಮೇಷ್ಟ್ರಿಗೆ ಹೀಗೇ ತೋರಿಸು."

ಅವಳು ಹೋದ ಮೇಲೆ ಅವನು ಅಣ್ಣನ ಮೂಲೆಯಲ್ಲಿ ಮಂಡಿಯೂರುತ್ತಾನೆ. ಪ್ರತಿ ಕೋಣೆಯಲ್ಲೂ ಎಲ್ಲಕ್ಕಿಂತ ಉದ್ದದ ಸಾಲು ತನ್ನ ಪಾಲಿಗೇ ಬರುತ್ತದೆಂದು ಅಣ್ಣ ಒಮ್ಮೆಯೂ ಹೇಳಿರಲಿಲ್ಲ.