ಮೊಣಕಾಲಿಗೆ ಬರೆಸಿದ ಚೀಟಿ

ಹೊಸಪೇಟೆಯಿಂದ ಸಂಡೂರಿಗೆ ಬಸ್ಸಿನಲ್ಲಿ ಒಂದು ತಾಸಿನ ದಾರಿ. ನಮಗಿಬ್ಬರಿಗೆ ಮಾತ್ರ ಅದು ಮೂರು ತಾಸು, ಒಮ್ಮೊಮ್ಮೆ ನಾಲ್ಕು. ಅದಿರು ತುಂಬಿದ ಲಾರಿಯೊಂದು ಮುಂದೆ ಸಿಕ್ಕು ನಮ್ಮ ಬಸ್ಸು ಅದರ ಬೆನ್ನು ಹಿಡಿಯಿತೋ, ನಮ್ಮ ಯಜಮಾನರು ಸೀಟು ಬಿಟ್ಟು ಏಳುತ್ತಿದ್ದರು. "ನಿಲ್ಲಸ್ರಿ" ಎಂದಷ್ಟೇ ಕಂಡಕ್ಟರಿಗೆ ಹೇಳುವುದು. "ಯಜಮಾನ್ರ, ಇಲ್ಲಿ ಸ್ಟಾಪ್ ಇಲ್ರಿ" ಎಂದು ಅವನು ಗೊಣಗುವಷ್ಟರಲ್ಲಿ ಇವರು ಬಾಗಿಲ ಮೆಟ್ಟಿಲ ಮೇಲಿರುತ್ತಿದ್ದರು. ನಾನು ಚೀಲ, ಕೊಡೆ, ನೀರಿನ ಬಾಟಲಿ ಎಲ್ಲ ಬಾಚಿಕೊಂಡು, ಬಾಯಿತುಂಬ ಬೈಯುತ್ತ ಹಿಂದೆ ಇಳಿಯುತ್ತಿದ್ದೆ. ಬಸ್ಸಿನ ಜನ ಕಿಟಕಿಯಿಂದ ನಮ್ಮನ್ನೇ ನೋಡುತ್ತಿದ್ದರು.

ಈಗ ನೆನೆದರೆ, ಹೋಗಬೇಕಾಗಿದ್ದ ಊರುಗಳಿಗಿಂತ ಇಳಿದ ಜಾಗಗಳೇ ಹೆಚ್ಚು ನೆನಪಾಗುತ್ತವೆ. ಸಂಡೂರಿನ ದಾರಿಯಲ್ಲಿ ಅದಿರಿನ ಧೂಳಿಗೆ ಎಲೆಗಳೂ ಕೆಂಪಾಗಿದ್ದ ಒಂದು ಬೇವಿನ ಮರ. ಅದರ ಕೆಳಗೆ ಕೂತು ಎದ್ದರೆ ನನ್ನ ಸೀರೆಯೂ ಕೆಂಪು. ಕಂಪ್ಲಿಯ ದಾರಿಯಲ್ಲಿ ಕಮಲಾಪುರ ದಾಟಿದ ಮೇಲೆ ಬಾಳೆತೋಟ, ತೋಟದ ಬದಿಗೆ ಕಾಲುವೆ. ಅಲ್ಲಿ ಬಿಸಿಲು ಎಲೆಗಳ ಮೂಲಕ ಇಳಿದು ಎಲ್ಲವೂ ಹಸಿರಾಗಿ ಕಾಣುತ್ತಿತ್ತು, ಅವರ ಬಿಳಿ ಅಂಗಿಯೂ, ನನ್ನ ಕೈಗಳೂ. ದರೋಜಿಯ ಹತ್ತಿರ ಇಳಿದಾಗ ದೂರದ ಬಂಡೆಗಳನ್ನು ತೋರಿಸಿ, "ಕರಡಿ ಆ ಸಂದಿಯಾಗ ಮಲಗಿರ್ತಾವ, ಸಂಜಿ ಮುಂದ ಇಳೀತಾವ" ಎನ್ನುತ್ತಿದ್ದರು. ನಾವು ಸಂಜೆಯ ತನಕ ಎಂದೂ ಕಾಯಲಿಲ್ಲ, ಕರಡಿ ನೋಡಲೂ ಇಲ್ಲ.

ಅವರು ಸೈನ್ಯದಲ್ಲಿ ಹದಿನೇಳು ವರ್ಷ ಡ್ರೈವರ್ ಆಗಿದ್ದವರು. ಹುಟ್ಟಿದ್ದು ಚೋರನೂರಿನ ಮಗ್ಗುಲ ಹಳ್ಳಿಯಲ್ಲಿ, ಮಳೆಯನ್ನೇ ನಂಬಿದ ಹೊಲದವರ ಮನೆಯಲ್ಲಿ. ನಾನು ಕಂಪ್ಲಿಯವಳು, ಭತ್ತದ ಗದ್ದೆಯವಳು. ಒಂಬತ್ತು ವರ್ಷಗಳ ಹಿಂದೆ ಉತ್ತರದ ಬೆಟ್ಟಗಳಲ್ಲಿ ಸಾಲಾಗಿ ಗಾಡಿಗಳು ಹೋಗುತ್ತಿರುವಾಗ ಇವರ ಮುಂದಿನ ಗಾಡಿ ಬಾಂಬಿಗೆ ಸಿಕ್ಕು ಹಾರಿಹೋಯಿತು. ಅದನ್ನು ಓಡಿಸುತ್ತಿದ್ದವನು ಕರ್ನೂಲು ಕಡೆಯ ಹುಡುಗ, ಇವರ ಗೆಳೆಯ. ಇವರಿಗೆ ಒಂದು ಗೀರೂ ಆಗಲಿಲ್ಲ. ಸ್ಟೇರಿಂಗ್ ಹಿಡಿದ ಕೈ ಮಾತ್ರ ಬಿಡಿಸಲು ಬರಲಿಲ್ಲವಂತೆ, ಇಬ್ಬರು ಸೇರಿ ಬೆರಳು ಬೆರಳು ಬಿಡಿಸಿದರಂತೆ. ಇದನ್ನು ನನಗೆ ಹೇಳಿದ್ದು ಅವರ ಜೊತೆಗಿದ್ದ ಇನ್ನೊಬ್ಬ ಸೈನಿಕ, ನಮ್ಮ ಮನೆಯಲ್ಲಿ ಒಮ್ಮೆ ಊಟಕ್ಕೆ ಕೂತಾಗ. ಇವರು ಆಗ ಎದ್ದು ಕೈ ತೊಳೆಯಲು ಹೋದರು.

ನಿವೃತ್ತಿಯಾದ ಮೇಲೆ ತೋರಣಗಲ್ಲಿನ ಒಂದು ಕಾರ್ಖಾನೆಯಲ್ಲಿ ಗೇಟ್ ಕಾಯುವ ಕೆಲಸ ಸಿಕ್ಕಿತು. ಶಿಫ್ಟಿನ ಬಸ್ಸು ದಿನಾ ಲಾರಿಗಳ ನಡುವೆಯೇ ಹೋಗಬೇಕು. ಇವರು ದಿನಾ ಇಳಿಯಬೇಕು, ನಡೆಯಬೇಕು, ತಡವಾಗಬೇಕು. ಆ ಕೆಲಸ ಹೋಯಿತು. ಆಮೇಲೆ ಬಸ್ಸು ಹತ್ತುವುದನ್ನೇ ಬಿಟ್ಟರು. ಚೋರನೂರು ಬಿಟ್ಟರು, ನನ್ನ ತವರು ಬಿಟ್ಟರು, ಕೊನೆಗೆ ಕಾಯಿಪಲ್ಲೆ ಸಂತೆಯನ್ನೂ ಬಿಟ್ಟರು. ಕಾಲಲ್ಲಿ ನಡೆದು ಮುಟ್ಟುವಷ್ಟಕ್ಕೆ ಅವರ ಲೋಕ ಮುಗಿಯಿತು. ಕಾಲುವೆ ದಂಡೆಯಲ್ಲಿ ಒಂದು ಸುತ್ತು, ಮನೆ. ಇನ್ನೊಂದು ವರ್ಷ ಹೀಗೇ ಹೋದರೆ ಹೊಸ್ತಿಲೂ ದಾಟಲಿಕ್ಕಿಲ್ಲ ಎಂದು ನನಗೆ ಹೆದರಿಕೆ ಹತ್ತಿತು.

ದಾರಿ ಇರಲಿಲ್ಲ ಎಂದಲ್ಲ. ಮಾಜಿ ಸೈನಿಕರಿಗೆ, ಅವರ ಹೆಂಡತಿಗೆ ಸರ್ಕಾರದ ಆರೋಗ್ಯ ಕಾರ್ಡು ಇರುತ್ತದೆ. ಮೊದಲು ಮಾಜಿ ಸೈನಿಕರ ದವಾಖಾನೆಗೆ ಹೋಗಬೇಕು. ಅಲ್ಲಿಯ ಡಾಕ್ಟರು ಚೀಟಿ ಬರೆದರೆ, ಕಾರ್ಡು ನಡೆಯುವ ದೊಡ್ಡ ಆಸ್ಪತ್ರೆಯಲ್ಲಿ ಪುಕ್ಕಟೆ ಚಿಕಿತ್ಸೆ. ಮನಸ್ಸಿನ ಗಾಯಕ್ಕೂ ಈ ಕಾರ್ಡು ನಡೆಯುತ್ತದೆ ಎಂದು ನನಗೆ ಗೊತ್ತಾದದ್ದು ಬ್ಲೌಸ್ ಹೊಲಿಸಲು ಬರುವ ಒಬ್ಬ ಸುಬೇದಾರರ ಹೆಂಡತಿಯಿಂದ. ಕೇಳಿದ ದಿನ ನನಗೆ ಹೊಲಿಗೆ ಸಾಗಲಿಲ್ಲ. ಎರಡು ತೋಳೂ ಒಂದೇ ಕಡೆಯದನ್ನು ಕತ್ತರಿಸಿಬಿಟ್ಟೆ.

ದವಾಖಾನೆ ಇದ್ದದ್ದು ಬೇರೆ ಊರಿನಲ್ಲಿ. ಬಸ್ಸು ಬೇಡವೆಂದರೆ ರೈಲು. ರೈಲಿನ ಮುಂದೆ ಏನೂ ಇರುವುದಿಲ್ಲವಲ್ಲ, ಹಾಗಾಗಿ ಇವರು ಒಪ್ಪಿದರು. ಕಿಟಕಿಯ ಹೊರಗೆ ಬಂಡೆಗಳು ಒಂದರ ಮೇಲೊಂದು ಕೂತು ಹಿಂದೆ ಸರಿಯುತ್ತಿದ್ದವು. ಇವರು ತೂಕಡಿಸಿ ನನ್ನ ಹೆಗಲಿಗೆ ತಲೆ ಕೊಟ್ಟರು. ಎಷ್ಟೋ ವರ್ಷದ ಮೇಲೆ ನಾವು ಇಳಿಯದೆ ಹೋದ ಪ್ರಯಾಣ ಅದು. ಇನ್ನೇನು ಎಲ್ಲ ಸರಿಹೋಯಿತು ಎಂದೇ ನಾನು ತಿಳಿದೆ, ಪೆದ್ದಿ.

ಅಲ್ಲಿ ಇವರೊಬ್ಬರನ್ನೇ ಒಳಗೆ ಕರೆದರು. ಇವರು ಹೊರಗೆ ಬಂದಾಗ ಕೈಯಲ್ಲಿ ಚೀಟಿ ಇತ್ತು. ನಾನು ದೇವರಿಗೆ ಕೈ ಮುಗಿದೆ. ಹೊಸಪೇಟೆಗೆ ಬಂದು ಆಸ್ಪತ್ರೆಯ ಕೌಂಟರಿನಲ್ಲಿ ಕೊಟ್ಟಾಗ ಅಲ್ಲಿಯ ಹುಡುಗಿ ಹೇಳಿದಳು, "ಮೊಣಕಾಲಿಂದು ಅಲ್ರಿ ಆಂಟಿ? ಫಿಸಿಯೋಥೆರಪಿ ಎಡಗಡೆ ರೂಮು."

"ಯಾರ ಮೊಣಕಾಲು?" ಎಂದೆ ನಾನು. ಇವರು ಗೋಡೆಯ ಕ್ಯಾಲೆಂಡರ್ ನೋಡುತ್ತ ನಿಂತಿದ್ದರು.

ಮನೆಗೆ ಬಂದ ಮೇಲೆ ನಾನು ಆಡಿದ ಮಾತುಗಳನ್ನು ಇಲ್ಲಿ ಬರೆಯುವುದಿಲ್ಲ, ಓಣಿಯವರಿಗೆ ಗೊತ್ತಿದೆ. ಇವರು ಹೇಳಿದ್ದು ಇಷ್ಟು: "ಡಾಕ್ಟರು ಏನ್ ತಕಲೀಫು ಅಂದ್ರು. ನಾ ಅಟೆನ್ಷನ್‌ನ್ಯಾಗ ನಿಂತಿದ್ದೆ. ಬಾಯಿಗೆ ಮೊಣಕಾಲು ಬಂತು." ಸೈನ್ಯದಲ್ಲಿ ಆಗಾಗ ಮೆಡಿಕಲ್ ತಪಾಸಣೆ ಇರುತ್ತದೆ. ಅಲ್ಲಿ ಬಾಯಿ ಬಿಟ್ಟರೆ ಕೆಟಗರಿ, ಅಂದರೆ ಆರೋಗ್ಯದ ದರ್ಜೆ, ಇಳಿಯುತ್ತದೆ, ಬಡ್ತಿ ನಿಲ್ಲುತ್ತದೆ. ಎಲ್ಲ ಠೀಕ್ ಎನ್ನುವುದೇ ಅವರಿಗೆ ಕೈಬಂದ ಉತ್ತರ. ತೀರಾ ಒತ್ತಾಯಿಸಿದರೆ ಮೊಣಕಾಲು, ಸೊಂಟ. ತಲೆಯೊಳಗಿನದನ್ನು ಯಾರೂ ಹೇಳುವುದಿಲ್ಲ. ನಿವೃತ್ತಿಯಾಗಿ ಐದು ವರ್ಷವಾಗಿತ್ತು, ಕೆಟಗರಿ ಇಳಿಸುವವರು ಯಾರೂ ಉಳಿದಿರಲಿಲ್ಲ, ಆದರೂ ಇವರ ನಾಲಿಗೆ ಇನ್ನೂ ಡ್ಯೂಟಿಯಲ್ಲೇ ಇತ್ತು.

ಕೇಳಿ ಇನ್ನೊಂದು ತಮಾಷೆ. ಚೀಟಿ ಬರೆದಾಗಿದೆಯಲ್ಲ, ಆಜ್ಞೆ ಆಯಿತು! ಇವರು ಎರಡು ವಾರ ತಪ್ಪದೆ ಹೋಗಿ ನೋವಿಲ್ಲದ ಮೊಣಕಾಲಿಗೆ ಕಾವು ಕೊಡಿಸಿಕೊಂಡರು. ಹೇಳಿದ ವ್ಯಾಯಾಮವನ್ನು ಮನೆಯ ಪಡಸಾಲೆಯಲ್ಲಿ ಎಣಿಸಿ ಎಣಿಸಿ ಮಾಡಿದರು. ನಾನು ಹೊಲಿಗೆ ಯಂತ್ರದ ಮುಂದೆ ಕೂತು ಅದನ್ನು ನೋಡುತ್ತ, ನಗು ಬಂದು, ನಗುತ್ತ ನಗುತ್ತ ಅಳು ಬಂದು, ಸೆರಗಿನಿಂದ ಮುಖ ಒರೆಸಿಕೊಳ್ಳುತ್ತಿದ್ದೆ.

ಎರಡನೇ ಸಲ ದವಾಖಾನೆಗೆ ಹೋದಾಗ ಕಂಪೌಂಡರು ತಡೆದರೂ ನಾನು ಒಳಗೆ ನುಗ್ಗಿದೆ. "ಸಾಹೇಬ್ರ, ಇವರ ಮೊಣಕಾಲು ಗಟ್ಟಿ ಐತ್ರಿ. ಬಸ್ಸಿನ ಮುಂದ ಲಾರಿ ಬಂದ್ರ ಇಳಿದು ಹೊಕ್ಕಾರ್ರಿ. ಈಗ ಬಸ್ಸೇ ಹತ್ತಂಗಿಲ್ಲ. ಮನಸಿಗೆ ಭಾಳ ಪೆಟ್ಟು ಬಿದ್ದೈತ್ರಿ" ಎಂದು ಒಂದೇ ಉಸಿರಿನಲ್ಲಿ ಹೇಳಿದೆ. ಡಾಕ್ಟರು ನಿವೃತ್ತ ಕರ್ನಲ್. ಕನ್ನಡಕ ತೆಗೆದು ಇವರನ್ನು ನೋಡಿ ಹಿಂದಿಯಲ್ಲಿ ಏನೋ ಮೆತ್ತಗೆ ಕೇಳಿದರು. ಇವರು ತಲೆ ಬಗ್ಗಿಸಿದರು. ಹೊಸ ಚೀಟಿ ಬಂತು, ಆರು ಸಲ ಕೂತು ಮಾತಾಡಲು. ಆರು ಸಲ ಮುಗಿದ ಮೇಲೆ, ಏನು ಕಾಯಿಲೆ, ಇನ್ನೂ ಎಷ್ಟು ಸಲ ಬೇಕು ಎಂದು ಚಿಕಿತ್ಸೆ ಮಾಡುವವರು ಬರೆದುಕೊಟ್ಟರೆ ಮಾತ್ರ ಕಾರ್ಡಿನಲ್ಲಿ ಮುಂದುವರಿಯುತ್ತದೆ. ಕೈಯಿಂದ ದುಡ್ಡು ಕೊಟ್ಟು ತೋರಿಸುವ ಶಕ್ತಿ ನಮಗಿರಲಿಲ್ಲ.

ಮಾತಿನ ಚಿಕಿತ್ಸೆ ಮಾಡುವವಳು ನಮ್ಮ ಕಡೆಯದೇ ಹುಡುಗಿ, ಮೂವತ್ತರ ಒಳಗಿನವಳು. ಮೊದಲ ದಿನವೇ ಇವರಿಗೆ, "ಇಲ್ಲಿ ಸಾಬ್ ಅನ್ನಬ್ಯಾಡ್ರಿ, ಆರಾಮ ಕುಂದ್ರಿ" ಎಂದಳು. ಇವರು ಕೂತರು, ಮಾತೂ ಆಡಿದರು. ಡ್ಯಾಮಿನಲ್ಲಿ ನೀರು ಎಷ್ಟಿದೆ, ಕಂಪ್ಲಿಯಲ್ಲಿ ನಾಟಿ ಯಾವಾಗ, ಸಂಡೂರಿನ ಗುಡ್ಡದಲ್ಲಿ ಮಳೆಗಾಲಕ್ಕೆ ಎಂಥ ಹಸಿರು. ಐದು ಸಲವೂ ಅಷ್ಟೇ. ಪ್ರತಿ ಸಲ ಹೊರಗೆ ಬಂದಾಗ ಅವರ ಮುಖ ನೋಡುತ್ತಿದ್ದೆ, ಅದು ತೊಳೆದಿಟ್ಟ ತಾಟಿನಂತೆ ಏನನ್ನೂ ಹೇಳುತ್ತಿರಲಿಲ್ಲ.

ಐದನೆಯ ಸಲ ಮುಗಿದ ಮೇಲೆ ಒಂದು ಬೆಳಿಗ್ಗೆ ಇವರೇ, "ಹಂಪಿಗೆ ಹೋಗೂಣ ನಡಿ, ನಡಕೊಂತ" ಎಂದರು. ಅಷ್ಟು ದೂರ ನಡೆಯುವ ವಯಸ್ಸೇ ನಮ್ಮದು? ಆದರೂ ಹೋದೆವು. ನದಿಯ ಪಕ್ಕದ ಬಂಡೆಯ ಮೇಲೆ ಕಾಲು ಚಾಚಿ ಕೂತೆವು. ಕೆಳಗೆ ಒಂದು ಹರಿಗೋಲು ತನ್ನ ಸುತ್ತ ತಾನೇ ತಿರುಗುತ್ತ ಹೋಗುತ್ತಿತ್ತು. ಅದರಲ್ಲಿ ಕೂತವರ ಮುಖ ಒಮ್ಮೆ ನಮ್ಮ ಕಡೆ, ಒಮ್ಮೆ ಆ ದಡದ ಕಡೆ. ನೀರಿನ ಸದ್ದು, ಬಂಡೆಯ ಬಿಸಿ, ಕಣ್ಣು ತಾನೇ ಮುಚ್ಚುತ್ತಿತ್ತು. ನಾನು ಅರೆನಿದ್ದೆಯಲ್ಲಿ ಕೇಳಿದೆ, "ಆಕಿ ಮುಂದ ಒಂದು ಮಾತು ಹೇಳಿದ್ರ ಏನು ಹೊಕ್ಕೈತ್ರಿ ನಿಮ್ಮ ಗಂಟು?" ಅವರು "ನಂದಲ್ಲ" ಎಂದರು. ನನಗೆ ಅರ್ಥವಾಗಲಿಲ್ಲ. ಕನಸಿನಲ್ಲಿ ಕೇಳಿದೆನೋ ಏನೋ ಎಂದು ಮತ್ತೆ ಕೇಳಲೂ ಇಲ್ಲ.

ಆರನೆಯ ದಿನ ಆ ಹುಡುಗಿ ನನ್ನನ್ನೂ ಒಳಗೆ ಕರೆದಳು. "ಅಮ್ಮಾ, ಇವರು ಏನೂ ಹೇಳವಲ್ರು. ನನಗ ಸುಳ್ಳು ಬರೆಯಾಕ ಬರಂಗಿಲ್ಲ. ಏನೂ ಬರೀಲಿಲ್ಲ ಅಂದ್ರ ಕಾರ್ಡಿನಾಗ ಇವತ್ತಿಗೆ ಮುಗೀತು" ಎಂದಳು. ಆಗ ನನಗೆ ತಡೆಯಲಾಗಲಿಲ್ಲ. "ಹೇಳ್ರಿ! ಬಾಯಾಗ ಏನ್ ಇಟಗೊಂಡೀರಿ? ನನಗೂ ಹೇಳಂಗಿಲ್ಲ, ಆಕಿಗೂ ಹೇಳಂಗಿಲ್ಲ, ಮನ್ಯಾಗ ಹಿಂಗ ಕುಂತು ಸಾಯ್ತೀರೇನು?" ಎಂದು ಮೇಜು ಗುದ್ದಿದೆ. ಅವರು ನನ್ನ ಕಡೆ ತಿರುಗಿ, "ನೀ ಹೊರಗ ಹೋಗು" ಎಂದರು. ನಾನು ಎದ್ದೆ. ಬಾಗಿಲಿಗೆ ಕೈ ಹಾಕಿದ್ದೆ. "ಬ್ಯಾಡ. ಕುಂದ್ರು" ಎಂದರು.

ಆಮೇಲೆ ಮೇಜಿನ ಅಂಚನ್ನು ಎರಡೂ ಕೈಯಿಂದ ಹಿಡಿದು, ಆ ಹುಡುಗಿಗೆ ಹೇಳಿದರು.

"ಅವತ್ತು ಸಾಲಿನಾಗ ಮುಂದ ಹೋಗಬೇಕಾದ ಗಾಡಿ ನಂದು ಇತ್ರಿ ಮೇಡಂ. ಹೊರಡೋಕ ಮೊದಲು ಮನಿಗೆ ಫೋನ್ ಹಚ್ಚಿದ್ದೆ. ಆಗ ನಮ್ಮ ಮನಿ ಕಟ್ಟಿಸಾಕ ಹತ್ತಿದ್ವಿ. ಬಚ್ಚಲಕ್ಕ ನೀಲಿ ಟೈಲ್ಸ್ ಬೇಕು ಅಂತ ಈಕಿ ಜಗಳ ತಗದಳು. ಬಿಳೀವು ಸಾಕು ಅಂದೆ ನಾ. ಫೋನ್ ಇಟ್ರ ನೋಡ್ರಿ ಮತ್ತ ಅಂದಳು. ಅಲ್ಲಿ ಸೀಟಿ ಹೊಡದ್ರು. ನನ್ನ ಹಿಂದಿನ ಗಾಡಿಯಾಂವ, ಆ ಕರ್ನೂಲಿನ ಹುಡುಗ, ನನ್ನ ನೋಡಿ ನಕ್ಕು, ನೀ ಮಾತಾಡಿ ಬಾ, ನಾ ಮುಂದ ಹೊಕ್ಕೀನಿ ಅಂದ. ನನ್ನ ಜಾಗದಾಗ ಹೋದ."

ಹುಡುಗಿ ಬರೆಯುವುದನ್ನು ನಿಲ್ಲಿಸಿದ್ದಳು.

"ಇದನ್ನ ಈಕಿಗೆ ಹೆಂಗ ಹೇಳಲ್ರಿ? ದಿನಾ ಬೆಳಿಗ್ಗೆ ಎದ್ದು ಆ ಬಚ್ಚಲದಾಗ ಕಾಲಿಡ್ತಾಳ. ಗೊತ್ತಾದ್ರ ಹೆಂಗ ಕಾಲಿಡ್ತಾಳ?"

ಆ ಫೋನು ನನಗೆ ನೆನಪಿತ್ತು. ಜಗಳದಲ್ಲಿ ಗೆದ್ದೆನೆಂದು ಅವತ್ತು ಅಂಗಡಿಗೆ ಹೋಗಿ ನೀಲಿ ಟೈಲ್ಸ್ ಆರಿಸಿಕೊಂಡು ಬಂದಿದ್ದೂ ನೆನಪಿತ್ತು. ಒಂಬತ್ತು ವರ್ಷ ಅವರು ಬಾಯಿ ಮುಚ್ಚಿದ್ದು ಕೆಟಗರಿಗಲ್ಲ, ನಾಚಿಕೆಗಲ್ಲ. ನಾನು ಆ ಒಂಬತ್ತೂ ವರ್ಷ ಅವರನ್ನು ಬೈದಿದ್ದೆ. ಹುಡುಗಿ ಎದ್ದು ಬಂದು ನನ್ನ ಕೈಗೆ ನೀರಿನ ಲೋಟ ಕೊಟ್ಟಳು. ಆಮೇಲೆ ತನ್ನ ಜಾಗಕ್ಕೆ ಹೋಗಿ ಬರೆದಳು, ಒಂದು ಪುಟ, ಇನ್ನೊಂದು ಪುಟ. ಇನ್ನೂ ಹನ್ನೆರಡು ಸಲ ಬೇಕೆಂದು ಅದರಲ್ಲಿ ಕೇಳಿದ್ದಳು. ತಲೆ ಎತ್ತದೆ, "ಅಮ್ಮಾ, ನಿಮ್ಮ ಹೆಸರೂ ಕಾರ್ಡಿನಾಗ ಐತಲ್ರಿ? ನಿಮಗೂ ಒಂದು ಚೀಟಿ ಬರೆಸ್ಕೊಂಡು ಬರ್ರಿ" ಎಂದಳು.

ಮರುದಿನ ಬೆಳಿಗ್ಗೆ ನಾನು ಬಚ್ಚಲ ಬಾಗಿಲಲ್ಲಿ ನಿಂತೆ. ಸಣ್ಣ ಕಿಟಕಿಯಿಂದ ಬೆಳಕು ಬಿದ್ದು ಒಳಗೆಲ್ಲ ನೀಲಿಯಾಗಿತ್ತು. ಕರ್ನೂಲಿನ ಕಡೆ ಎಲ್ಲೋ ಆ ಹುಡುಗನ ತಾಯಿಯೂ ಈಗ ಎದ್ದಿರುತ್ತಾಳೆ, ಮುಖ ತೊಳೆಯುತ್ತಿರುತ್ತಾಳೆ. ಅವರು ಹಿಂದೆ ಬಂದು ನಿಂತದ್ದು ಗೊತ್ತಾಯಿತು.

"ಒಡಸೂನೇನು?" ಎಂದರು.

"ಬ್ಯಾಡ್ರಿ" ಎಂದೆ.

ಆ ತಾಯಿಯ ಎದುರು ಕೂತು ಹೇಳಲು ನನಗೆ ಬಾಯಿಲ್ಲ, ಅದಕ್ಕೇ ಇಲ್ಲಿ ಬರೆಯುತ್ತಿದ್ದೇನೆ. ಅವತ್ತು ಏನಾಗುತ್ತದೆ, ಯಾರು ಸಾಯುತ್ತಾರೆ ಎಂದು ನನಗೆ ಮೊದಲೇ ಗೊತ್ತಿದ್ದರೂ ನಾನು ಇವರಿಗೆ ಫೋನ್ ಇಡಗೊಡುತ್ತಿರಲಿಲ್ಲ. ಇನ್ನೂ ಹತ್ತು ನಿಮಿಷ ಜಗಳ ಆಡುತ್ತಿದ್ದೆ. ಆ ಬೆಳಿಗ್ಗೆ ಬಚ್ಚಲದೊಳಗೆ ಕಾಲಿಟ್ಟೆ, ಮುಖ ತೊಳೆದುಕೊಂಡೆ.